ಫೋಟೋದಾಗ ಯಾರು ನಿಲ್ಲಬೇಕು?

ಚಂದ್ರಬಂಡದ ಕಡೆಯಿಂದ ಹಿಡಿದು ಮಾನ್ವಿ, ದೇವದುರ್ಗದವರೆಗೆ 'ಗುಳೆ' ಅಂದರೆ ಯಾರಿಗೂ ಅರ್ಥ ಹೇಳಬೇಕಿಲ್ಲ. ಗಂಟುಮೂಟೆ ಕಟ್ಟಿ ಬೆಂಗಳೂರಿನ ಬಸ್ಸು ಹತ್ತುವುದು. ಮನೆಗೆ ಬೀಗ, ಇಲ್ಲವೇ ಮುದುಕರ ಕಾವಲು. ಪತ್ರಿಕೆಯವರು ಇದನ್ನು ವಲಸೆ ಅನ್ನುತ್ತಾರೆ. ಹೋದವರು ಯಾವ ಓಣಿಯವರು ಎಂದು ಆ ಶಬ್ದ ಕೇಳುವುದಿಲ್ಲ. ಊರೆಲ್ಲ ಹೋಗೋದಿಲ್ಲ, ಹೊಲ ಇಲ್ಲದ ಕೇರಿಗಳು ಮೊದಲು ಖಾಲಿ ಆಗ್ತಾವ.

ರಾಯಚೂರು ಜಿಲ್ಲೆಯವರೇ ಆದ ಉತ್ಸವ್ ಗೋನವಾರ ಅವರ ಮೊದಲ ಚಿತ್ರ 'ಫೋಟೋ' ಈ ಗುಳೆಯದೇ ಕಥೆ. ತೆರೆಗೆ ಬಂದದ್ದು 2024ರ ಮಾರ್ಚ್‌ನಲ್ಲಿ. ಅವ್ವ ಹಳ್ಳಿಯಲ್ಲಿ, ಅಪ್ಪ ಬೆಂಗಳೂರಿನ ಕಟ್ಟಡ ಕೆಲಸದಲ್ಲಿ. ಹುಡುಗ ದುರ್ಗ್ಯಾನಿಗೆ ವಿಧಾನಸೌಧದ ಮುಂದೆ ನಿಂತು ಫೋಟೋ ತೆಗೆಸಿಕೊಳ್ಳುವ ಹುಚ್ಚು. ಅಪ್ಪನ ಹತ್ತಿರ ಹೋಗುತ್ತಾನೆ. ಅಷ್ಟರಲ್ಲಿ ಲಾಕ್‌ಡೌನ್, ಊರಿಗೆ ನಡಿಗೆ.

ಬಿ.ವಿ. ಕಾರಂತರ 'ಚೋಮನ ದುಡಿ' (1975) ಪಕ್ಕದಲ್ಲಿಟ್ಟು ಇದನ್ನು ನೋಡಬೇಕು. ಅಲ್ಲಿ ಒಂದು ದಲಿತ ಕುಟುಂಬ ನಮ್ಮ ಕಣ್ಣೆದುರೇ ಕರಗಿಹೋಗುತ್ತದೆ. ನೋಡುವವರು ಮರುಗುತ್ತಾರೆ, ಮರುಗಿ ಎದ್ದು ಹೋಗುತ್ತಾರೆ. ಚೋಮ ಕೇಳಿದ್ದು ಉಳಲು ಭೂಮಿ. ದುರ್ಗ್ಯಾ ಕೇಳುವುದು ಚೌಕಟ್ಟಿನೊಳಗೆ ಜಾಗ. ದುರ್ಗ್ಯಾನ ಮನೆಗೆ ನಾನು ಜಾತಿ ಹಚ್ಚುತ್ತಿಲ್ಲ. ದಲಿತ ವಿಮರ್ಶೆ ಕೇಳಬೇಕಾದ ಪ್ರಶ್ನೆ ಇಲ್ಲೇ ಇದೆ ಅನ್ನುತ್ತಿದ್ದೇನೆ, ಅಷ್ಟೆ. ಕೇರಿಯ ಗೋಡೆ ಮೇಲೆ ಬಾಬಾಸಾಹೇಬರ ಫೋಟೋ ಇರ್ತದ, ಅಜ್ಜನ ಫೋಟೋ ಇರೋದು ಅಪರೂಪ. ಮನೆತನದ ಚರಿತ್ರೆ ಹುಡುಕಿದರೆ ರೇಷನ್ ಕಾರ್ಡಿನ, ಮತಚೀಟಿಯ ಮಸುಕು ಮುಖ ಸಿಗುತ್ತದೆ. ಅವು ಸರ್ಕಾರ ತನಗೆ ಬೇಕಾಗಿ ತೆಗೆದವು. ಈ ಹುಡುಗ ತನಗೆ ಬೇಕಾಗಿ ಸರ್ಕಾರದ ಮನೆ ಮುಂದೆ ನಿಲ್ಲಬೇಕೆನ್ನುತ್ತಾನೆ. ಮಕ್ಕಳ ಹಟ ಎಂದು ತಳ್ಳಿಹಾಕುವ ಮಾತಲ್ಲ ಇದು.

ಆ ಮನೆ 1956ರಲ್ಲಿ ಮುಗಿಯಿತು. ಕಟ್ಟಿದ ಕೈಗಳಲ್ಲಿ ಕೈದಿಗಳ ಕೈಗಳೂ ಇದ್ದವು. ಎದುರಿಗೆ ಅಂಬೇಡ್ಕರ್ ಪ್ರತಿಮೆ ಇದೆ. 2020ರ ಮಾರ್ಚ್ 24ರ ರಾತ್ರಿ ದೇಶಕ್ಕೆ ಬೀಗ ಬೀಳುವ ಮುಂಚೆ ಸಿಕ್ಕದ್ದು ನಾಲ್ಕು ತಾಸು. ಬೆಂಗಳೂರಿನಿಂದ ರಾಯಚೂರು 400 ಕಿ.ಮೀ.ಗೂ ದೂರ. ಮೇ ಮೊದಲ ವಾರ ಸರ್ಕಾರ ಬಸ್ಸು ಬಿಟ್ಟಾಗಲೂ ದುಬಾರಿ ಟಿಕೆಟ್ ಕೇಳಿತು. ಗದ್ದಲ ಎದ್ದ ಮೇಲೆ ಉಚಿತ ಎಂದಿತು. 371ಜೆ ಬಂದು ಆಗಲೇ ಏಳು ವರ್ಷವಾಗಿತ್ತು ಎಂಬುದನ್ನೂ ನೆನೆಯಬೇಕು.

ಭಾಷೆಯ ಮಾತು ಬಿಡುವಂತಿಲ್ಲ. ನಮ್ಮ ಕಡೆಯ ಕನ್ನಡ ಕನ್ನಡ ಸಿನೆಮಾದಲ್ಲಿ ಬಹಳ ಕಾಲ ನಗಿಸಲಿಕ್ಕೇ ಬಳಕೆಯಾಯಿತು. ಇಲ್ಲಿ ಅಪ್ಪ ಮಗ ಅದರಲ್ಲೇ ಬದುಕುತ್ತಾರೆ, ಯಾರನ್ನೂ ನಗಿಸುವುದಿಲ್ಲ.

ನನ್ನ ತಕರಾರೂ ಒಂದದ. ನಡಿಗೆ ತೆರೆಯ ಮೇಲೆ ಬಂದೊಡನೆ ಎಲ್ಲರ ಸಂಕಟವಾಗಿಬಿಡುತ್ತದೆ. ಊರು ಬಿಡಿಸಿದ ಜಮೀನಿನ ಲೆಕ್ಕ ಹಿಂದೆ ಸರಿಯುತ್ತದೆ. ನಗರದ ಪ್ರೇಕ್ಷಕ ಅಳಲಿಕ್ಕೆ ಇಷ್ಟು ಸಾಕು. ಆದರೆ ದೇವದುರ್ಗದ ಸಂತೆ ದಿನ ಪರದೆ ಕಟ್ಟಿ ಇದನ್ನು ತೋರಿಸಬೇಕು. ಗುಳೆಯಿಂದ ಬಂದವರು ನೋಡಿ ಏನಂತಾರೋ, ಅದನ್ನು ನಮ್ಮ ಹುಡುಗರು ಬರೆದುಕೊಳ್ಳಬೇಕು.