ಮಲಯಾಳಂ ಚಿತ್ರರಂಗದಲ್ಲಿ ಕೇರಳ ಸಮಾಜದ ಚಿತ್ರಣ

ಮಲಯಾಳಂ ಚಲನಚಿತ್ರಗಳು ಕೇರಳದ ಜಾತಿವ್ಯವಸ್ಥೆ, ಕುಟುಂಬ, ವಲಸೆ ಮತ್ತು ರಾಜಕೀಯವನ್ನು ಮೊದಲಿನಿಂದಲೂ ಕಥಾವಸ್ತುವಾಗಿಸಿಕೊಂಡಿವೆ. ಸಾಕ್ಷರತೆ, ಗ್ರಂಥಾಲಯ ಚಳವಳಿ, ಎಡಪಂಥೀಯ ರಂಗಭೂಮಿ ಹಾಗೂ ಫಿಲ್ಮ್ ಸೊಸೈಟಿಗಳು ಇಂತಹ ಚಿತ್ರಗಳಿಗೆ ಪ್ರೇಕ್ಷಕವರ್ಗವನ್ನು ರೂಪಿಸಿದವು. ಆದರೆ ತೆರೆಯ ಮೇಲೆ ಟೀಕೆಗೊಳಗಾದ ಅಸಮಾನತೆಗಳು ಚಿತ್ರರಂಗದ ಒಳಗೂ ಇದ್ದವು.

ಜಾತಿ

ಮಲಯಾಳಂನ ಮೊದಲ ಚಿತ್ರ ಜೆ. ಸಿ. ಡೇನಿಯಲ್ ಅವರ ಮೂಕಿಚಿತ್ರ 'ವಿಗತಕುಮಾರನ್'. ಇದರಲ್ಲಿ ದಲಿತ ಸಮುದಾಯದ ಪಿ. ಕೆ. ರೋಸಿ ನಾಯರ್ ಮಹಿಳೆಯ ಪಾತ್ರವನ್ನು ನಿರ್ವಹಿಸಿದರು. ಇದನ್ನು ಸಹಿಸದ ಮೇಲ್ಜಾತಿಯವರು ತಿರುವನಂತಪುರದ ಪ್ರದರ್ಶನದಲ್ಲಿ ಗಲಭೆ ನಡೆಸಿದರು. ರೋಸಿ ಊರು ತೊರೆಯಬೇಕಾಯಿತು. 1954ರ 'ನೀಲಕ್ಕುಯಿಲ್' ಚಿತ್ರವು ಅಸ್ಪೃಶ್ಯತೆಯನ್ನು ನೇರವಾಗಿ ಪ್ರಶ್ನಿಸಿತು. ಮೇಲ್ಜಾತಿಯ ಶಿಕ್ಷಕನೊಬ್ಬ ಕೈಬಿಟ್ಟ ದಲಿತ ಯುವತಿ ನೀಲಿ ಇದರ ನಾಯಕಿ. ಆದರೆ ಆ ಪಾತ್ರದಲ್ಲಿ ನಟಿಸಿದ ಮಿಸ್ ಕುಮಾರಿ ದಲಿತರಾಗಿರಲಿಲ್ಲ. ರೋಸಿಯವರ ಬದುಕು 2013ರ 'ಸೆಲ್ಯುಲಾಯ್ಡ್' ಚಿತ್ರದ ಮೂಲಕ ತೆರೆಗೆ ಬಂದಿತು. ಕೊಚ್ಚಿ ನಗರ ಬೆಳೆದಂತೆ ದಲಿತರು ಭೂಮಿ ಕಳೆದುಕೊಂಡ ಬಗೆಯನ್ನು 'ಕಮ್ಮಟ್ಟಿಪಾಡಂ' (2016) ನಿರೂಪಿಸುತ್ತದೆ.

ಕುಟುಂಬ ಮತ್ತು ವಲಸೆ

ತಕಳಿ ಶಿವಶಂಕರ ಪಿಳ್ಳೆಯವರ ಕಾದಂಬರಿ ಆಧಾರಿತ 'ಚೆಮ್ಮೀನ್' (1965) ಕರಾವಳಿಯ ಮೀನುಗಾರರ ಜೀವನವನ್ನು ಚಿತ್ರಿಸುತ್ತದೆ. ಕಡಲಿಗಿಳಿದ ಗಂಡನ ಕ್ಷೇಮವು ಮನೆಯಲ್ಲಿರುವ ಹೆಂಡತಿಯ ಶೀಲವನ್ನು ಅವಲಂಬಿಸಿದೆ ಎಂಬ ನಂಬಿಕೆಯೇ ಇದರ ಕೇಂದ್ರ. ಅಡೂರ್ ಗೋಪಾಲಕೃಷ್ಣನ್ ಅವರ 'ಎಲಿಪ್ಪತ್ತಾಯಂ' ಊಳಿಗಮಾನ್ಯ ಕುಟುಂಬವೊಂದರ ಅವನತಿಯ ಕಥೆ. ಅದರ ಯಜಮಾನನು ಬದಲಾದ ಕಾಲಕ್ಕೆ ಹೊಂದಿಕೊಳ್ಳಲಾರದೆ ಕುಸಿಯುತ್ತಾನೆ. 1970ರ ದಶಕದಲ್ಲಿ ಹೆಚ್ಚಿದ ಕೊಲ್ಲಿ ರಾಷ್ಟ್ರಗಳ ವಲಸೆಯೂ ಚಿತ್ರಗಳಿಗೆ ವಸ್ತುವಾಯಿತು. 'ವರವೇಲ್ಪು' (1989) ಚಿತ್ರದ ನಾಯಕನು ಕೊಲ್ಲಿಯಲ್ಲಿ ಗಳಿಸಿದ ಹಣದಿಂದ ಬಸ್ಸು ಕೊಂಡು, ಬಂಧುಗಳ ಸ್ವಾರ್ಥ ಹಾಗೂ ಕಾರ್ಮಿಕ ಸಂಘದ ತಕರಾರುಗಳ ನಡುವೆ ನಷ್ಟಕ್ಕೊಳಗಾಗುತ್ತಾನೆ. ವಲಸೆ ಕಾರ್ಮಿಕನು ಮರುಭೂಮಿಯಲ್ಲಿ ಅನುಭವಿಸಿದ ಗುಲಾಮಗಿರಿಯನ್ನು 'ಆಡುಜೀವಿತಂ' (2024) ತೋರಿಸುತ್ತದೆ.

ಮಹಿಳೆಯರು

'ದಿ ಗ್ರೇಟ್ ಇಂಡಿಯನ್ ಕಿಚನ್' (2021) ಅಡುಗೆಮನೆಯ ನಿತ್ಯದ ದುಡಿಮೆ ಮತ್ತು ಮುಟ್ಟಿನ ಮಡಿಮೈಲಿಗೆಯ ಮೂಲಕ ಪುರುಷಪ್ರಾಧಾನ್ಯವನ್ನು ವಿಮರ್ಶಿಸಿತು. ಅದಕ್ಕೂ ಮೊದಲೇ, 2017ರಲ್ಲಿ ನಟಿಯೊಬ್ಬರ ಮೇಲೆ ನಡೆದ ದೌರ್ಜನ್ಯದ ನಂತರ, ಚಿತ್ರರಂಗದ ಮಹಿಳೆಯರು ಸಂಘಟಿತರಾಗಿದ್ದರು. ಅವರ ಮನವಿಯಂತೆ ಕೇರಳ ಸರ್ಕಾರವು ನ್ಯಾಯಮೂರ್ತಿ ಕೆ. ಹೇಮಾ ಸಮಿತಿಯನ್ನು ನೇಮಿಸಿತು. 2019ರಲ್ಲಿ ಸಲ್ಲಿಕೆಯಾದ ಅದರ ವರದಿಯು 2024ರ ಆಗಸ್ಟ್‌ನಲ್ಲಿ ಪ್ರಕಟವಾಯಿತು. ಲೈಂಗಿಕ ಶೋಷಣೆಯ ಜೊತೆಗೆ, ಚಿತ್ರೀಕರಣದ ಸ್ಥಳಗಳಲ್ಲಿ ಶೌಚಾಲಯದಂತಹ ಮೂಲಸೌಕರ್ಯವೂ ಇಲ್ಲದಿರುವುದನ್ನು ವರದಿ ದಾಖಲಿಸಿದೆ.