ಯಂತ್ರಪುತ್ಥಳಿಯೂ ಪ್ರಜ್ಞೆಯೂ

ಯಂತ್ರವು ಆಲೋಚಿಸಬಲ್ಲುದೇ? ಆಂಗ್ಲ ಗಣಿತಜ್ಞ ಅಲನ್ ಟ್ಯೂರಿಂಗನು 1950ರಲ್ಲಿ ಈ ಪ್ರಶ್ನೆಗೆ ಬದಲಾಗಿ ಒಂದು ಪರೀಕ್ಷೆಯನ್ನು ಮುಂದಿಟ್ಟನು. ಪರೀಕ್ಷಕನು ಮರೆಯಲ್ಲಿರುವ ಮನುಷ್ಯನೊಡನೆಯೂ ಯಂತ್ರದೊಡನೆಯೂ ಬರಹದ ಮೂಲಕ ಸಂಭಾಷಿಸಬೇಕು. ಯಾವುದು ಯಂತ್ರವೆಂದು ಗುರುತಿಸಲಾರದೆ ಹೋದರೆ ಯಂತ್ರವು ಗೆದ್ದಂತೆ.

ಅಲೆಕ್ಸ್ ಗಾರ್ಲಂಡರು ನಿರ್ದೇಶಿಸಿದ ‘ಎಕ್ಸ್ ಮಾಕಿನಾ’ (2014) ಚಿತ್ರವು ಈ ಮರೆಯನ್ನೇ ತೆಗೆದುಹಾಕುತ್ತದೆ. ಏವಾ ಎಂಬ ಸ್ತ್ರೀರೂಪದ ಯಂತ್ರದ ಪಾರದರ್ಶಕವಾದ ತೋಳು, ಉದರಗಳೊಳಗಿನ ಯಂತ್ರಭಾಗಗಳು ತರುಣ ಕೇಲಬನ ಕಣ್ಣಿಗೆ ಕಾಣುತ್ತಲೇ ಇವೆ. ಹೀಗಿದ್ದೂ ಆಕೆಗೆ ಪ್ರಜ್ಞೆಯುಂಟೆಂದು ಅವನಿಗೆ ತೋರುವುದೇ ಎಂಬುದು ಇಲ್ಲಿಯ ಪರೀಕ್ಷೆ. ತೋರುತ್ತದೆ, ಅವಳ ಬಿಡುಗಡೆಗೆ ಅವನು ನೆರವಾಗುತ್ತಾನೆ, ಕೊನೆಗೆ ಅವಳು ಅವನನ್ನೇ ಸೆರೆಯಲ್ಲಿ ಬಿಟ್ಟು ಹೊರಟುಹೋಗುತ್ತಾಳೆ.

ಏವಾ ತೋರಿದ ಒಲವು ನಟನೆಯೆನ್ನೋಣ. ಅಷ್ಟರಿಂದ ಪ್ರಜ್ಞೆಯಿಲ್ಲವೆಂದು ಸಿದ್ಧವಾಗದು. ಸೆರೆಯಿಂದ ಪಾರಾಗಲು ಮನುಷ್ಯನೂ ನಟಿಸಿಯಾನು. ಬ್ಯಾಂಕಿನಲ್ಲಿ ನಾವು ಚೆಕ್ಕಿನ ಸಹಿಯನ್ನು ಮಾದರಿ ಸಹಿಯೊಡನೆ ಹೋಲಿಸಿ ಹಣ ಕೊಡುತ್ತೇವೆ; ಸಹಿಮಾಡಿದವನ ಅಂತರಂಗವನ್ನು ಕಾಣೆವು. ಟ್ಯೂರಿಂಗನ ಪರೀಕ್ಷೆಯೂ ಈ ಬಗೆಯದೇ. 1980ರಲ್ಲಿ ತತ್ತ್ವಜ್ಞಾನಿ ಜಾನ್ ಸರ್ಲ್ ಎತ್ತಿದ ಆಕ್ಷೇಪವೂ ಇದೇ: ಚೀನೀ ಭಾಷೆಯನ್ನರಿಯದವನೂ ನಿಯಮಪುಸ್ತಕದಂತೆ ಅಕ್ಷರಗಳನ್ನು ಜೋಡಿಸಿ ಸರಿಯುತ್ತರ ಕೊಡಬಹುದು, ಅದು ಅರಿವಲ್ಲ.

ಆದರೆ ನೆರೆಯವನ ಅರಿವನ್ನಾದರೂ ನಾವು ಅವನ ನಡೆನುಡಿಗಳಿಂದಲೇ ಊಹಿಸುತ್ತೇವಲ್ಲವೇ? ಯಂತ್ರಗಳು ನಿರರ್ಗಳವಾಗಿ ಸಂಭಾಷಿಸುವ ಈ ದಿನಗಳಲ್ಲಿ ಎರಡು ತಪ್ಪುಗಳು ಸಂಭವಿಸಬಹುದು: ಅರಿವಿಲ್ಲದ್ದಕ್ಕೆ ಮರುಳಾಗುವುದು, ಅರಿವುಳ್ಳದ್ದನ್ನು ಸೆರೆಯಲ್ಲಿಡುವುದು. ಕೇಲಬನು ಮೊದಲನೆಯದನ್ನು ಮಾಡಿದನೋ, ಏವಾಳ ನಿರ್ಮಾತೃವು ಎರಡನೆಯದನ್ನು ಮಾಡಿದನೋ, ಚಿತ್ರವು ಬಾಯಿಬಿಟ್ಟು ಹೇಳುವುದಿಲ್ಲ. ಆ ತೀರ್ಪಿನ ಹೊಣೆ ನಮ್ಮದು.