ಸಂಕಲನಕಾರನ ಕತ್ತರಿ

ಚಲನಚಿತ್ರ ನೋಡಿ ಹೊರಬಂದವರು ನಟರನ್ನು ನೆನೆಯುತ್ತಾರೆ, ಹೆಚ್ಚೆಂದರೆ ನಿರ್ದೇಶಕರನ್ನು. ಸಂಕಲನಕಾರನನ್ನು ನೆನೆಯುವವರು ವಿರಳ. ಬಹುಕಾಲ ಸಂಕಲನದ ಕೋಣೆಯಲ್ಲಿ ದುಡಿದ ನನಗೆ ಇದು ಅನ್ಯಾಯವೆನಿಸಿಲ್ಲ. ನಮ್ಮ ಕೆಲಸ ಕಣ್ಣಿಗೆ ಬಿದ್ದಷ್ಟೂ ಕಥೆ ಹಿಂದೆ ಸರಿಯುತ್ತದೆ.

ಸಂಕಲನವೆಂದರೆ ಬೇಡವಾದುದನ್ನು ಕತ್ತರಿಸುವುದೆಂಬ ತಿಳಿವಳಿಕೆ ಅರ್ಧಸತ್ಯ. 35 ಮಿಲಿಮೀಟರ್ ಫಿಲಂ ಸೆಕೆಂಡಿಗೆ 24 ಚೌಕಟ್ಟುಗಳಂತೆ ನಿಮಿಷಕ್ಕೆ 90 ಅಡಿ ಓಡುತ್ತದೆ. ಮುದುಕಿಯೊಬ್ಬಳು ಬಾಗಿಲತ್ತ ನೋಡುವ ನೋಟವನ್ನು 2 ಸೆಕೆಂಡು ಉಳಿಸಿದರೆ ಆಕೆ ಯಾರನ್ನೋ ಕಂಡಳೆಂದು ತೋರೀತು. 6 ಸೆಕೆಂಡು ಉಳಿಸಿದರೆ, ಬಾರದವರಿಗಾಗಿ ಕಾಯುತ್ತಿರುವಳೆಂದು ತೋರೀತು. ಅಭಿನಯ ಅದೇ, ಅರ್ಥ ಬೇರೆ.

ಫಿಲಂ ಕಾಲದಲ್ಲಿ ಈ ಪ್ರಯೋಗಗಳೆಲ್ಲ ಒಂದು ಕೆಲಸದ ಪ್ರತಿಯ ಮೇಲೆ ನಡೆಯುತ್ತಿದ್ದವು. ನಿರ್ಧಾರ ಗಟ್ಟಿಯಾದ ಮೇಲೆಯೇ, ಅಂಚಿನ ಸಂಖ್ಯೆಗಳನ್ನು ಹೊಂದಿಸಿ, ಮೂಲ ನೆಗೆಟಿವ್‌ಗೆ ಕತ್ತರಿ ತಾಗಿಸುತ್ತಿದ್ದೆವು. ಆಮೇಲೆ ಹಿಂದಿರುಗುವುದು ಕಷ್ಟ.

ಎಲ್ಲಕ್ಕಿಂತ ಕಠಿಣವಾದುದು ಚೆಲುವಾದುದನ್ನು ಬಿಡುವುದು. ಹತ್ತಾರು ಜನ ಬಿಸಿಲಲ್ಲಿ ಬೆಂದು ಚಿತ್ರಿಸಿದ ದೃಶ್ಯವೂ ಕಥೆಗೆ ಭಾರವಾದರೆ ಹೋಗಬೇಕು. ಆ ಶ್ರಮವನ್ನು ಕಂಡ ನಿರ್ದೇಶಕನಿಗೆ ಮನಸ್ಸು ಬಾರದು. ಆದ್ದರಿಂದಲೇ ಅವನಿಗೆ ನಂಬಿಕೆಯ ಇನ್ನೊಂದು ಕಣ್ಣು ಬೇಕು. ಸತ್ಯಜಿತ್ ರಾಯ್ 1955ರ ‘ಪಥೇರ್ ಪಾಂಚಾಲಿ’ಯಿಂದ 1991ರ ‘ಆಗಂತುಕ್’ವರೆಗೆ ದುಲಾಲ್ ದತ್ತರನ್ನೇ ನೆಚ್ಚಿಕೊಂಡಿದ್ದರು. ಎಷ್ಟು ಜನ ಆ ಹೆಸರನ್ನು ಬಲ್ಲರು?

ಇಂದು ಕತ್ತರಿಯ ಜಾಗಕ್ಕೆ ಕಂಪ್ಯೂಟರ್ ಬಂದಿದೆ. ತೆಗೆದುದನ್ನು ಕ್ಷಣದಲ್ಲಿ ಮರಳಿ ಸೇರಿಸಬಹುದು. ಆದರೂ ಯಾವುದನ್ನು ಬಿಡಬೇಕೆಂಬ ಸಂಕಟ ಹಾಗೆಯೇ ಉಳಿದಿದೆ. ತಾವು ಮೆಚ್ಚಿ ಬರೆದ ಸಾಲನ್ನು ತಾವೇ ಹೊಡೆದುಹಾಕಿದವರಿಗೆ ಅದನ್ನು ನಾನು ವಿವರಿಸಬೇಕಾಗಿಲ್ಲ.